ದುಡಿಯುವ ಹೆಣ್ಣು ಮತ್ತು ನಮ್ಮ ನಾಲಿಗೆ

1933ರಲ್ಲಿ ಜಪಾನಿನ ನಿರ್ದೇಶಕ ಯಾಸುಜಿರೊ ಓಜು ‘ಟೋಕಿಯೊದ ಹೆಣ್ಣು’ ಎಂಬ ಮೂಕಿ ಚಿತ್ರ ತೆಗೆದರು. ಅದರಲ್ಲಿ ಅಕ್ಕ ಹಗಲು ಕಚೇರಿಯಲ್ಲಿ ಟೈಪಿಸ್ಟ್. ರಾತ್ರಿ ಭಾಷಾಂತರದ ಕೆಲಸವಿದೆ ಎಂದು ತಮ್ಮನಿಗೆ ಹೇಳಿ ಹೋಗುತ್ತಾಳೆ. ನಿಜವಾಗಿ, ಅವನ ಓದಿನ ಖರ್ಚಿಗಾಗಿ ಮಾನ ಪಣಕ್ಕಿಡುವ ದುಡಿಮೆಗೆ ಇಳಿದಿರುತ್ತಾಳೆ. ಸುದ್ದಿ ಬಾಯಿಂದ ಬಾಯಿಗೆ ಬಂದು ತಮ್ಮನ ಕಿವಿಗೆ ಬೀಳುತ್ತದೆ. ಅವನು ಅಕ್ಕನ ಕೆನ್ನೆಗೆ ಹೊಡೆದು, ಮನೆ ಬಿಟ್ಟುಹೋಗಿ, ಪ್ರಾಣ ಕಳೆದುಕೊಳ್ಳುತ್ತಾನೆ. ಪತ್ರಕರ್ತರು ಬಂದು, ದೊಡ್ಡ ಸುದ್ದಿಯೇನಲ್ಲವೆಂದು ಹೊರಟುಹೋಗುತ್ತಾರೆ. ಅಕ್ಕನ ಕಷ್ಟ ಏನೆಂದು ಮೊದಲೇ ಕೇಳಿದವರು ಯಾರೂ ಇಲ್ಲ.

ಇದು ದೂರದ ದೇಶದ ಕಥೆಯಷ್ಟೇ ಅಲ್ಲ. ಕೆಲಸ ಬೇರೆಯಾದರೂ, ದುಡಿಯುವ ಹೆಣ್ಣನ್ನು ಆಡಿಕೊಳ್ಳುವ ನಾಲಿಗೆ ಎಲ್ಲ ಕಡೆಯೂ ಒಂದೇ. ನಮ್ಮ ಬೀಳಗಿಯ ಅಕ್ಕತಂಗಿಯರಾದ ಗೋಹರಬಾಯಿ ಮತ್ತು ಅಮೀರಬಾಯಿ ಕರ್ನಾಟಕಿ ಇದನ್ನು ಬಲ್ಲರು. ಇಬ್ಬರೂ ಹಾಡು, ನಾಟಕಗಳನ್ನೇ ನಂಬಿ ಮುಂಬೈ ಸೇರಿದವರು. 1943ರ ‘ಕಿಸ್ಮತ್’ ಚಿತ್ರದ ಹಾಡುಗಳಿಂದ ಅಮೀರಬಾಯಿ ದೇಶಕ್ಕೆಲ್ಲ ಪರಿಚಿತರಾದರು. ವಿಜಯಪುರದ ಅಮೀರ್ ಟಾಕೀಜ್ ಅವರದೇ ಹೆಸರು ಹೊತ್ತದ್ದು. ಆದರೆ ಆ ಕಂಠದ ಒಡತಿ ಮನೆಯೊಳಗೆ ಗಂಡನ ಹೊಡೆತ ತಿಂದು, ಕೊನೆಗೆ ಅವನಿಂದ ಬಿಡುಗಡೆ ಪಡೆಯಬೇಕಾಯಿತು.

ಅಕ್ಕ ಗೋಹರಬಾಯಿ, ಮರಾಠಿ ರಂಗಭೂಮಿಯ ಹೆಸರಾಂತ ನಟ ಬಾಲಗಂಧರ್ವರ ಕಂಪನಿ ಸೇರಿ ಸ್ತ್ರೀಪಾತ್ರ ವಹಿಸಿದರು. ಮುಂದೆ ಅವರ ಬಾಳಸಂಗಾತಿಯಾದರು. ಕಂಪನಿ ಕುಸಿದದ್ದಕ್ಕೆ ಜನ ಈಕೆಯನ್ನೇ ದೂರಿದರು. ಬಾಲಗಂಧರ್ವರ ಕಾಲುಗಳ ಶಕ್ತಿ ಉಡುಗಿದಾಗ ಆರೈಕೆ ಮಾಡಿದವರೂ ಈಕೆಯೇ. 1967ರಲ್ಲಿ ಅವರು ತೀರಿಕೊಳ್ಳುವ ಮೊದಲೇ ಗೋಹರಬಾಯಿ ಕಣ್ಣುಮುಚ್ಚಿದ್ದರು. ದೂರು ಊರೆಲ್ಲ ಹಬ್ಬಿತು. ಸೇವೆ ಮನೆಯ ನಾಲ್ಕು ಗೋಡೆಯೊಳಗೇ ಉಳಿಯಿತು.

ಗದಗ, ಲಕ್ಷ್ಮೇಶ್ವರ, ಶಿರಹಟ್ಟಿಯ ಹಿರಿಯರಿಗೆ ಕಂಪನಿ ನಾಟಕ ಹೊಸದಲ್ಲ. ರಾತ್ರಿ ನಾಟಕಕ್ಕೆ ಚಪ್ಪಾಳೆ ತಟ್ಟಿ, ಬೆಳಗಾದರೆ ಅದೇ ನಟಿಯನ್ನು ಹಗುರಾಗಿ ಆಡಿಕೊಳ್ಳುವ ಮಾತೂ ಹೊಸದಲ್ಲ. ಇಂದು ಮಾಗಡಿಯಂಥ ಹಳ್ಳಿಯ ಮಗಳು ಹುಬ್ಬಳ್ಳಿಗೋ ಬೆಂಗಳೂರಿಗೋ ದುಡಿಯಲು ಹೋಗುತ್ತಾಳೆ. ಅವಳು ಕಳಿಸುವ ಹಣದಿಂದ ತಮ್ಮನ ಫೀಸು ಕಟ್ಟುತ್ತದೆ, ಸಂಘದ ಸಾಲ ತೀರುತ್ತದೆ. ತಡರಾತ್ರಿ ಕೆಲಸವೆಂದರೆ ಮಾತ್ರ ಓಣಿಯಲ್ಲಿ ಗುಸುಗುಸು ಶುರು.

ಪಾಲಕರೇ, ಮಗಳ ಹಣ ಎಣಿಸುವ ಮೊದಲು ಅವಳ ಕ್ಷೇಮ ಕೇಳಿರಿ. ಅಂಜದೆ ಕಷ್ಟ ಹೇಳಿಕೊಳ್ಳಲು ಅವಳಿಗೆ ಮನೆಯೊಂದಿರಲಿ.

ಮನೆಯವರೆಲ್ಲ ಕೂಡಿ ಯೋಚಿಸಿರಿ:
1. ನಮ್ಮ ಮನೆಯ ಖರ್ಚಿಗಾಗಿ ಯಾರು ತಮ್ಮ ಆಸೆ ಬಿಟ್ಟಿದ್ದಾರೆ? ಅವರಿಗೆ ಅದನ್ನು ಎಂದಾದರೂ ಹೇಳಿದ್ದೇವೆಯೇ?
2. ಒಬ್ಬ ಹೆಣ್ಣುಮಗಳ ಬಗ್ಗೆ ಕೇಳಿದ ಮಾತನ್ನು, ಅವಳನ್ನು ಕೇಳದೆ ಮುಂದೆ ದಾಟಿಸಿದ್ದೇವೆಯೇ?