ಏಡಿ ಕಟ್ಲೆಟ್: ರುಚಿಯೊಂದಿಗೆ ಎಚ್ಚರವೂ ಇರಲಿ

ಒಂದು ಭಾನುವಾರ ಸಂಜೆ ತಂದೆಯೊಬ್ಬರು ಹತ್ತು ವರ್ಷದ ಮಗಳನ್ನು ಎತ್ತಿಕೊಂಡು ನನ್ನ ಚಿಕಿತ್ಸಾಲಯಕ್ಕೆ ಓಡಿ ಬಂದರು. ಹುಡುಗಿಯ ಮೈತುಂಬ ದದ್ದು, ತುಟಿ ಬಾತಿತ್ತು, ಉಬ್ಬಸ ಶುರುವಾಗಿತ್ತು. ನೆಂಟರ ಮನೆಯ ಹುಟ್ಟುಹಬ್ಬದಲ್ಲಿ ಕೋಳಿಯದೆಂದುಕೊಂಡು ಅವಳು ತಿಂದದ್ದು ಏಡಿಯ ಕಟ್ಲೆಟ್. ಸಿಗಡಿ ತಿಂದರೆ ಅವಳಿಗೆ ಬಾಯಿ ತುರಿಸುತ್ತದೆಂದು ಮನೆಯವರಿಗೆ ಗೊತ್ತಿತ್ತು. ಕಟ್ಲೆಟ್ಟಿನೊಳಗೆ ಏಡಿ ಇದೆಯೆಂದು ಗೊತ್ತಿರಲಿಲ್ಲ. ಕೂಡಲೇ ತೊಡೆಗೆ ಅಡ್ರಿನಲಿನ್ ಚುಚ್ಚುಮದ್ದು ಕೊಟ್ಟು ಆಸ್ಪತ್ರೆಗೆ ಕಳುಹಿಸಿದೆ. ಮರುದಿನ ಚೇತರಿಸಿಕೊಂಡು ಮನೆಗೆ ಹೋದಳು.

ಏಡಿ ಸಾರಿನಲ್ಲಿ ಚಿಪ್ಪು ಕಣ್ಣಿಗೆ ಕಾಣುತ್ತದೆ, ಕಟ್ಲೆಟ್ಟಿನಲ್ಲಿ ಕಾಣುವುದಿಲ್ಲ. ಆದ್ದರಿಂದ ಮಾಡಿ ಬಡಿಸುವವರ ಹೊಣೆ ಹೆಚ್ಚು. ಹಾಗೆಂದು ಏಡಿ ಕೆಟ್ಟ ಆಹಾರವಲ್ಲ. ತುಳುವರ ಡೆಂಜಿ, ಕೊಂಕಣಿಗರ ಕುರ್ಲಿ ನಮ್ಮ ಕರಾವಳಿಯ ಮನೆಗಳಿಗೆ ಹಳೆಯ ಪರಿಚಯ. 100 ಗ್ರಾಂ ಏಡಿ ಮಾಂಸದಲ್ಲಿ ಸುಮಾರು 18 ಗ್ರಾಂ ಪ್ರೋಟೀನ್ ಇದೆ. ಕೊಬ್ಬು ತೀರ ಕಡಿಮೆ. ಸತು ಮತ್ತು ಬಿ-12 ಜೀವಸತ್ವವೂ ದೊರೆಯುತ್ತವೆ.

ಮಾಡುವುದು ಹೇಗೆ?

ಜೀವಂತ ಏಡಿಯನ್ನೇ ಕೊಳ್ಳಿ. ಸತ್ತ ಹಸಿ ಏಡಿ ಬಹುಬೇಗ ಕೆಡುತ್ತದೆ. ಮೂಗಿಗೆ ಅಡರುವ ಘಾಟು ವಾಸನೆ ಬಂದರೆ ಎಸೆಯಿರಿ. ಚೆನ್ನಾಗಿ ತೊಳೆದು, ಮಧ್ಯಮ ಗಾತ್ರದವನ್ನು ಕುದಿಯುವ ಉಪ್ಪುನೀರಿನಲ್ಲಿ 12ರಿಂದ 15 ನಿಮಿಷ ಬೇಯಿಸಿ. ತಣಿದ ಮೇಲೆ ಕಿವಿರುಗಳನ್ನು ತೆಗೆದುಹಾಕಿ, ಮಾಂಸ ಬಿಡಿಸಿ. ಬಳಿಕ ಬೆರಳಿನಿಂದ ಎರಡು ಬಾರಿ ತಡಕಿ ನೋಡಿ, ಚಿಪ್ಪಿನ ಚೂರು ಮಕ್ಕಳ ಗಂಟಲಿಗೆ ಸಿಕ್ಕಬಾರದು.

ಕಾಲು ಕಿಲೋ ಮಾಂಸಕ್ಕೆ ಬೇಯಿಸಿದ ಒಂದು ಆಲೂಗಡ್ಡೆ, ಒಂದು ಮೊಟ್ಟೆ, ಎರಡು ದೊಡ್ಡ ಚಮಚ ರಸ್ಕ್ ಪುಡಿ, ಹೆಚ್ಚಿದ ಹಸಿಮೆಣಸು, ಶುಂಠಿ, ಕೊತ್ತಂಬರಿ ಸೊಪ್ಪು, ಕಾಳುಮೆಣಸಿನ ಪುಡಿ ಸಾಕು. ಏಡಿಯಲ್ಲೇ ಉಪ್ಪಿರುವುದರಿಂದ ಉಪ್ಪು ಹಿತಮಿತವಾಗಿರಲಿ. ಅರ್ಧ ಅಂಗುಲ ದಪ್ಪ ತಟ್ಟಿ, ಅರ್ಧ ಗಂಟೆ ಫ್ರಿಜ್ಜಿನಲ್ಲಿಟ್ಟರೆ ಒಡೆಯುವುದಿಲ್ಲ. ಕಾವಲಿಗೆ ಎರಡು ಚಮಚ ಎಣ್ಣೆ ಹಾಕಿ, ಮಧ್ಯಮ ಉರಿಯಲ್ಲಿ ಪ್ರತಿ ಬದಿಯನ್ನೂ ನಾಲ್ಕೈದು ನಿಮಿಷ ಕೆಂಪಗೆ ಕಾಯಿಸಿ. ಹಸಿ ಮೊಟ್ಟೆ ಸೇರಿರುವುದರಿಂದ ಒಂದನ್ನು ಮುರಿದು ನೋಡಿ, ನಡುಭಾಗದಲ್ಲೂ ಹಬೆಯಾಡಬೇಕು.

ಹಸಿ ಬೇರೆ, ಬೆಂದದ್ದು ಬೇರೆ

ಅಮೆರಿಕದ ಮೇರಿಲ್ಯಾಂಡ್ ರಾಜ್ಯದಲ್ಲಿ ಇಂಥದೇ ತಿನಿಸು ‘ಕ್ರ್ಯಾಬ್ ಕೇಕ್’ ಎಂದು ಪ್ರಸಿದ್ಧ. ಅಲ್ಲೇ 1971ರಲ್ಲಿ ಸರಿಯಾಗಿ ಬೇಯಿಸಿ ಜೋಪಾನ ಮಾಡದ ಏಡಿ ತಿಂದು 400ಕ್ಕೂ ಹೆಚ್ಚು ಮಂದಿ ಹೊಟ್ಟೆ ಕೆಡಿಸಿಕೊಂಡರು. ಕಾರಣ, ಸಮುದ್ರದ ನೀರಿನಲ್ಲಿರುವ ವಿಬ್ರಿಯೊ ಜಾತಿಯ ರೋಗಾಣು. ಚೆನ್ನಾಗಿ ಬೇಯಿಸಿದರೆ ಅದು ಸಾಯುತ್ತದೆ. ಆದರೆ ಹಸಿ ಏಡಿ ಇಟ್ಟಿದ್ದ ಬುಟ್ಟಿಗೇ ಬೆಂದದ್ದನ್ನು ಹಾಕಿದರೆ ಮತ್ತೆ ಅಂಟಿಕೊಳ್ಳುತ್ತದೆ. ಪಾತ್ರೆ, ಚಾಕು ಬೇರೆ ಇರಲಿ, ಕೈಯನ್ನು ಸೋಪಿನಿಂದ ತೊಳೆಯಿರಿ. ಬಿಡಿಸಿದ ಮಾಂಸವನ್ನು ಸೆಕೆಗಾಲದಲ್ಲಿ ಒಂದು ಗಂಟೆಗಿಂತ ಹೆಚ್ಚು ಹೊರಗಿಡಬೇಡಿ.

ಅಲರ್ಜಿ ಇದ್ದರೆ?

‘ಚೆನ್ನಾಗಿ ಬೇಯಿಸಿದರೆ ಅಲರ್ಜಿ ಆಗದು’ ಎಂಬುದು ತಪ್ಪು ತಿಳಿವಳಿಕೆ. ಏಡಿಯಲ್ಲಿ ಅಲರ್ಜಿ ಉಂಟುಮಾಡುವ ಮುಖ್ಯ ಪ್ರೋಟೀನಾದ ಟ್ರೋಪೋಮಯೋಸಿನ್ ಬಿಸಿಗೆ ಜಗ್ಗುವುದಿಲ್ಲ. ಸಿಗಡಿಯಲ್ಲೂ ಅದೇ ಬಗೆಯ ಪ್ರೋಟೀನ್ ಇರುವುದರಿಂದ, ಸಿಗಡಿ ಆಗದವರಲ್ಲಿ ಬಹಳ ಮಂದಿಗೆ ಏಡಿಯೂ ಆಗದು. ಮೀನಿನ ಅಲರ್ಜಿ ಬೇರೆಯೇ. ‘ಸ್ವಲ್ಪ ತಿಂದು ನೋಡೋಣ’ ಎಂಬ ಪರೀಕ್ಷೆಯನ್ನು ಮನೆಯಲ್ಲಿ ಮಾಡಲೇಬೇಡಿ. ಏಡಿ ಕಾಯಿಸಿದ ಎಣ್ಣೆಯಲ್ಲಿ ಅಂಥವರಿಗೆ ತರಕಾರಿ ಕಟ್ಲೆಟ್ ಕಾಯಿಸಿ ಕೊಡುವುದೂ ಅಪಾಯ.

ತಿಂದ ಕೆಲವು ನಿಮಿಷಗಳಿಂದ ಒಂದೆರಡು ಗಂಟೆಯೊಳಗೆ ತುಟಿ ಅಥವಾ ನಾಲಿಗೆ ಊದಿಕೊಂಡರೆ, ಉಬ್ಬಸ, ಪದೇಪದೇ ವಾಂತಿ, ತಲೆಸುತ್ತು ಕಂಡರೆ ಮನೆಮದ್ದಿಗಾಗಿ ಕಾಯಬೇಡಿ. ಅಲರ್ಜಿಯ ಮಾತ್ರೆ ತುರಿಕೆಯನ್ನು ತಗ್ಗಿಸೀತು, ಆದರೆ ಜೀವ ಉಳಿಸುವುದು ಅಡ್ರಿನಲಿನ್. ರೋಗಿಯನ್ನು ನಡೆಸದೆ, ಮಲಗಿಸಿ ಕಾಲು ಎತ್ತರಿಸಿ. ಉಸಿರಾಟ ಕಷ್ಟವಾದರೆ ಕೂರಿಸಿ. ತಕ್ಷಣ 108ಕ್ಕೆ ಕರೆ ಮಾಡಿ, ಇಲ್ಲವೇ ಹತ್ತಿರದ ಆಸ್ಪತ್ರೆಗೆ ಕರೆದೊಯ್ಯಿರಿ.

ಗೌಟ್ ಸಂಧಿವಾತ ಇರುವವರು ಏಡಿಯನ್ನು ಮಿತಿಯಲ್ಲಿ ತಿನ್ನಲಿ.

ಬಡಿಸುವ ಮುನ್ನ ‘ಇದು ಏಡಿಯದು, ನಿಮಗೆ ಆಗುತ್ತದಷ್ಟೇ?’ ಎಂದು ಅತಿಥಿಗಳನ್ನು ಕೇಳಿ. ಮಕ್ಕಳಿದ್ದರೆ ಅವರ ತಂದೆತಾಯಿಯನ್ನೇ ಕೇಳಿ. ಆ ಭಾನುವಾರ ಆ ಒಂದು ಮಾತು ಕೇಳಿದ್ದರೆ ಹುಡುಗಿ ನನ್ನ ಬಳಿ ಬರಬೇಕಾಗುತ್ತಿರಲಿಲ್ಲ.