ಹೊಳೆಯ ಮರಳಿಗೆ ಕಾವಲು ಯಾರು?

ಕಾನೂನು ಪ್ರಶ್ನೋತ್ತರ

ಪ್ರಶ್ನೆ: ಮಂಡಕಳ್ಳಿಯಲ್ಲಿ ಮನೆ ಕಟ್ಟಿಸುತ್ತಿದ್ದೇವೆ. ಮೇಸ್ತ್ರಿ ಹೇಳಿದವರು ರಾತ್ರಿ ಎರಡು ಗಂಟೆಗೆ ಬಂದು ಒಂದು ಲೋಡ್ ಕಪಿಲಾ ಮರಳು ಸುರಿದು ಹೋದರು. ಬಿಲ್ ಕೇಳಿದರೆ, ‘ಅದೆಲ್ಲ ಯಾಕಮ್ಮ’ ಅಂದರು. ನಮಗೇನಾದರೂ ತೊಂದರೆಯೇ?
– ಗೃಹಿಣಿ, ಮಂಡಕಳ್ಳಿ

ಉತ್ತರ: ತೊಂದರೆ ಆಗಬಹುದಮ್ಮ. ಸಕ್ರಮ ಮರಳಿನ ಜೊತೆ ಗಣಿ ಮತ್ತು ಭೂವಿಜ್ಞಾನ ಇಲಾಖೆಯ ಸಾಗಾಣಿಕೆ ಪರವಾನಗಿ ಬರಲೇಬೇಕು. ಲಾರಿಯವರ ಬಾಯಲ್ಲಿ ಅದು ‘ಎಂಡಿಪಿ’ ಅಥವಾ ‘ಪರ್ಮಿಟ್’. ಲಾರಿ ನಂಬರ್, ಮರಳು ಎಲ್ಲಿಂದ ಎಲ್ಲಿಗೆ, ಎಷ್ಟು ಟನ್, ಎಷ್ಟು ಗಂಟೆಯವರೆಗೆ ಎಂಬುದೆಲ್ಲ ಅದರಲ್ಲಿರುತ್ತದೆ. ಒಂದೇ ಪರ್ಮಿಟ್‌ನಲ್ಲಿ ನಾಲ್ಕು ಟ್ರಿಪ್ ಹೊಡೆಯುವವರಿದ್ದಾರೆ. ಆದ್ದರಿಂದ ಗಂಟೆಯನ್ನು ತಪ್ಪದೆ ನೋಡಿ. 1957ರ ಗಣಿ ಮತ್ತು ಖನಿಜ ಕಾಯ್ದೆಯ ಪ್ರಕಾರ ಅಕ್ರಮವಾಗಿ ತೆಗೆಯುವುದಷ್ಟೇ ಅಲ್ಲ, ಸಾಗಿಸುವುದು, ದಾಸ್ತಾನು ಮಾಡುವುದೂ ಅಪರಾಧ. ಐದು ವರ್ಷದವರೆಗೆ ಜೈಲು ಶಿಕ್ಷೆಯಿದೆ. ಕದ್ದ ಮಾಲೆಂದು ತಿಳಿದೂ ಕೊಂಡರೆ ಅದು ಬೇರೆಯೇ ಅಪರಾಧ. ಮುಂದಿನ ಲೋಡ್ ಇಳಿಸುವ ಮುಂಚೆ ಪರ್ಮಿಟ್ ಕೇಳಿ. ಇಲ್ಲವೆಂದರೆ ಲಾರಿ ವಾಪಸ್ ಕಳಿಸಿ.

ಪ್ರಶ್ನೆ: ನಮ್ಮೂರ ಹಳ್ಳದಲ್ಲಿ ಒಳ್ಳೆಯ ಮರಳಿದೆ. ಊರವರಿಗೆ ಕೊಡಲು ಪಂಚಾಯಿತಿಗೆ ಅಧಿಕಾರವಿಲ್ಲವೇ?
– ಗ್ರಾಮ ಪಂಚಾಯಿತಿ ಸದಸ್ಯ, ನಂಜನಗೂಡು ತಾಲ್ಲೂಕು

ಉತ್ತರ: ಇದೆ, ಆದರೆ ಎಲ್ಲ ನೀರಿನ ಮೇಲೂ ಇಲ್ಲ. ರಾಜ್ಯದ 2020ರ ಮರಳು ನೀತಿ ಹರಿವನ್ನು ಶ್ರೇಣಿಗಳಾಗಿ ಎಣಿಸುತ್ತದೆ. ಮೊದಲು ಹುಟ್ಟುವ ಸಣ್ಣ ತೊರೆ ಒಂದನೇ ಶ್ರೇಣಿ. ಅಂಥ ಎರಡು ಕೂಡಿದರೆ ಎರಡನೆಯದು. ಎರಡನೆಯವು ಎರಡು ಸೇರಿದರೆ ಮೂರನೆಯದು. ಮೂರನೇ ಶ್ರೇಣಿಯವರೆಗಿನ ಹಳ್ಳ, ತೊರೆಗಳ ಮರಳು ಪಂಚಾಯಿತಿಯ ಹೊಣೆ. ಕಪಿಲೆ, ಕಾವೇರಿಯಂಥ ನದಿಗಳಲ್ಲಿ ನಿಮಗೆ ಆ ಅಧಿಕಾರವಿಲ್ಲ. ಹಳ್ಳದಲ್ಲೂ ಪಂಚಾಯಿತಿ ತಾನೇ ರಸೀದಿ ಹರಿದು ಕೊಡುವಂತಿಲ್ಲ. ಮೊದಲು ಜಾಗ ಗುರುತಾಗಬೇಕು, ಜಿಲ್ಲಾಧಿಕಾರಿ ಅಧ್ಯಕ್ಷತೆಯ ಮರಳು ಸಮಿತಿಯ ವ್ಯವಸ್ಥೆಯೊಳಗೇ ಅದು ನಡೆಯಬೇಕು. ಐದು ಹೆಕ್ಟೇರಿಗಿಂತ ಚಿಕ್ಕ ಗಣಿಗೂ ಪರಿಸರ ಅನುಮತಿ ಬೇಕೆಂದು ಸುಪ್ರೀಂ ಕೋರ್ಟ್ 2012ರಲ್ಲಿ, ಹರಿಯಾಣದ ದೀಪಕ್ ಕುಮಾರ್ ಪ್ರಕರಣದಲ್ಲಿ ಆದೇಶಿಸಿದೆ. ಗ್ರಾಮಸಭೆಯಲ್ಲಿ ವಿಷಯವಿಟ್ಟು, ಪಿಡಿಒ ಮೂಲಕ ಬರವಣಿಗೆಯಲ್ಲಿ ಮುಂದುವರಿಯಿರಿ.

ಪ್ರಶ್ನೆ: ಕಪಿಲಾ ದಡದಲ್ಲಿ ನನ್ನ ಗದ್ದೆ. ರಾತ್ರಿಯಿಡೀ ತೆಪ್ಪದಲ್ಲಿ ಮರಳು ಎತ್ತುತ್ತಾರೆ. ದಡ ಕುಸಿಯುತ್ತಿದೆ, ಬಾವಿ ಇಳಿಯುತ್ತಿದೆ. ಠಾಣೆಗೆ ಹೋದರೆ, ‘ಇದು ಗಣಿ ಇಲಾಖೆಯ ಕೆಲಸ’ ಎನ್ನುತ್ತಾರೆ.
– ರೈತ, ತಿ. ನರಸೀಪುರ ತಾಲ್ಲೂಕು

ಉತ್ತರ: ಬೇಸಿಗೆಯಲ್ಲಿ ಹೊಳೆಯ ಮರಳನ್ನು ಕೈಯಲ್ಲಿ ಬಗೆದು ಒರತೆಯ ನೀರು ಕುಡಿದವರು ನೀವು. ನಿಮ್ಮ ಬಾವಿಗೆ ಬರುವುದೂ ಮರಳು ಹಿಡಿದಿಟ್ಟ ಅದೇ ನೀರು. ಹೊಳೆಯ ತಳ ಇಳಿದರೆ ಬಾವಿಯ ನೀರೂ ಇಳಿಯುತ್ತದೆ. ನಂಜನಗೂಡಿನಲ್ಲಿ 1735ರ ದಳವಾಯಿ ಸೇತುವೆ ನೋಡಿದ್ದೀರಲ್ಲ? ಎಂಥ ಗಟ್ಟಿ ಸೇತುವೆಯಾದರೂ ಬುಡದ ನದಿಪಾತ್ರ ಉಳಿದರಷ್ಟೇ ನಿಲ್ಲುತ್ತದೆ.

ಠಾಣೆಯವರ ಮಾತು ಅರ್ಧ ಮಾತ್ರ ಸರಿ. ಗಣಿ ಕಾಯ್ದೆಯಡಿ ಕೋರ್ಟಿಗೆ ಲಿಖಿತ ದೂರು ಕೊಡಬೇಕಾದವರು ಅಧಿಕೃತ ಅಧಿಕಾರಿಗಳೇ. ಆದರೆ ಹೊಳೆಯ ಮರಳು ಕದಿಯುವುದು ಕಳ್ಳತನವೂ ಹೌದು. ಅದಕ್ಕೆ ಪೊಲೀಸರು ಪ್ರತ್ಯೇಕವಾಗಿ ಪ್ರಕರಣ ದಾಖಲಿಸಬಹುದೆಂದು ಸುಪ್ರೀಂ ಕೋರ್ಟ್ 2014ರಲ್ಲಿ, ದೆಹಲಿಯ ಸಂಜಯ್ ಪ್ರಕರಣದಲ್ಲಿ ಸ್ಪಷ್ಟಪಡಿಸಿದೆ. ಈಗ ಅದು ಭಾರತೀಯ ನ್ಯಾಯ ಸಂಹಿತೆಯ 303ನೇ ಕಲಂ.

ದಿನಾಂಕ, ಗಂಟೆ, ಜಾಗ, ಕಂಡಷ್ಟು ವಾಹನ ನಂಬರ್ ಬರೆದು ಠಾಣೆಗೆ ದೂರು ಕೊಡಿ. ಪ್ರತಿಯನ್ನು ತಹಶೀಲ್ದಾರರಿಗೂ ಗಣಿ ಇಲಾಖೆಗೂ ಕಳಿಸಿ. ಠಾಣೆಯಲ್ಲಿ ತೆಗೆದುಕೊಳ್ಳದಿದ್ದರೆ ಜಿಲ್ಲಾ ಪೊಲೀಸ್ ವರಿಷ್ಠಾಧಿಕಾರಿಗೆ ಸ್ಪೀಡ್ ಪೋಸ್ಟ್‌ನಲ್ಲಿ ಕಳಿಸಿ. ರಾತ್ರಿ ಒಬ್ಬರೇ ಹೊಳೆಗೆ ಇಳಿದು ಜಗಳಕ್ಕೆ ನಿಲ್ಲಬೇಡಿ. ಅಕ್ಕಪಕ್ಕದ ಗದ್ದೆಯವರ ಸಹಿಯನ್ನೂ ಹಾಕಿಸಿ, ಕೊಟ್ಟ ಕಡೆಯಲ್ಲೆಲ್ಲ ಸ್ವೀಕೃತಿ ಪಡೆದು ಜೋಪಾನವಾಗಿಡಿ. ನಾಳೆ ‘ನಮಗೆ ಗೊತ್ತೇ ಇರಲಿಲ್ಲ’ ಎಂದು ಯಾರೂ ಹೇಳದಂತೆ ತಡೆಯುವುದು ಆ ಮೊಹರು ಬಿದ್ದ ಹಾಳೆಯೇ.