ಕೇಸು ಇದ್ದರ ಇತ್ತು ಅಂತ ಬರೀರಿ

ಕುಂದಗೋಳ ತಾಲೂಕಿನ ಸಂಶಿಯಲ್ಲಿ ಹುಡುಗರ ನೌಕರಿ ಅರ್ಜಿ ತುಂಬಿಕೊಡುವುದು ನನ್ನ ಕೆಲಸ. ಪೊಲೀಸ್, ರೈಲ್ವೆ, ಸಾರಿಗೆ, ಅರೆಸೇನಾ ಪಡೆ ಎಂದು ಸುತ್ತಲಿನ ಹಳ್ಳಿಗಳಿಂದ ಅಂಕಪಟ್ಟಿ ಹಿಡಿದು ಬರುತ್ತಾರೆ. ಹೆಸರು, ವಯಸ್ಸು, ಜಾತಿ ಎಲ್ಲ ಸರಸರ ಮುಗಿಯುತ್ತದೆ. ಆಯ್ಕೆಯಾದ ಮೇಲೆ ತುಂಬುವ ದೃಢೀಕರಣ ನಮೂನೆಯಲ್ಲಿ ಮಾತ್ರ ಒಂದು ಕಲಂ ಬಂದಾಗ ಹುಡುಗರು ಮುಖ ಮುಖ ನೋಡುತ್ತಾರೆ. ನಿಮ್ಮನ್ನು ಎಂದಾದರೂ ಬಂಧಿಸಲಾಗಿತ್ತೇ? ಮೊಕದ್ದಮೆ ಹೂಡಲಾಗಿತ್ತೇ?

“ಅಣ್ಣಾರ, ಅದು ಖುಲಾಸೆ ಆಗೇತ್ರಿ. ಇಲ್ಲಾ ಅಂತ ಬರದಬಿಡ್ರಿ.”

ಈ ಮಾತನ್ನು ಎಷ್ಟೋ ಬಾಯಲ್ಲಿ ಕೇಳಿದ್ದೇನೆ. ಹಾಗೆ ಹೇಳುವವರು ಕೆಟ್ಟವರಲ್ಲ. ನಮ್ಮ ಕಡೆ ಬದುವಿನ ಜಗಳಕ್ಕೆ ದೂರು ಕೊಟ್ಟರೆ ಅದರಲ್ಲಿ ಅಣ್ಣತಮ್ಮಂದಿರ ಹೆಸರೆಲ್ಲ ಸೇರುತ್ತದೆ. ಹುಬ್ಬಳ್ಳಿಯಲ್ಲಿ ಓದುತ್ತಿದ್ದವನೂ ಆರೋಪಿಯಾಗುತ್ತಾನೆ. ಇನ್ನು ಹೋರಾಟದ ಕೇಸುಗಳು. 2016ರ ಜುಲೈನಲ್ಲಿ ಮಹದಾಯಿ ನ್ಯಾಯಮಂಡಳಿ ನೀರಿಗಾಗಿ ರಾಜ್ಯ ಸಲ್ಲಿಸಿದ್ದ ಮಧ್ಯಂತರ ಮನವಿಯನ್ನು ತಳ್ಳಿಹಾಕಿದಾಗ ನವಲಗುಂದ ಸೀಮೆ ಹೊತ್ತಿ ಉರಿಯಿತು. ಯಮನೂರಿನಲ್ಲಿ ಪೊಲೀಸರು ಮನೆಮನೆಗೆ ನುಗ್ಗಿ ಹೊಡೆದರು. ರೈತರ ಮೇಲೆ ಮೊಕದ್ದಮೆಗಳು ಬಿದ್ದವು. ನೀರು ಕೇಳಲು ಹೋದವನಿಗೆ ತಾನು ಅಪರಾಧಿ ಅನ್ನಿಸುವುದಿಲ್ಲ. ಆದರೆ ನಮೂನೆ ಕೇಳುವುದು ಕೇಸು ಇತ್ತೇ ಎಂದು ಮಾತ್ರ.

ನಮ್ಮ ಪಕ್ಕದ ಊರಿನ ಒಬ್ಬ ಹುಡುಗನಿಗೆ ಸರ್ಕಾರಿ ಕೆಲಸ ಸಿಕ್ಕಿತ್ತು. ಹಳೆಯ ಹೊಡೆದಾಟದ ಕೇಸು ಕೋರ್ಟಿನಲ್ಲಿ ರಾಜಿಯಾಗಿ ಮುಗಿದಿತ್ತು. ಬೇರೆಲ್ಲೋ ಕೂತು ನಮೂನೆಯಲ್ಲಿ ‘ಇಲ್ಲ’ ಎಂದು ಬರೆದುಕೊಟ್ಟ. ಪೊಲೀಸ್ ಪರಿಶೀಲನೆಯಲ್ಲಿ ಕೇಸು ಹೊರಬಿತ್ತು, ಪ್ರೊಬೇಷನ್ ಮುಗಿಯುವ ಮೊದಲೇ ವಜಾ ಆದೇಶ ಬಂತು. ಆ ಆದೇಶವನ್ನು ನಾನೇ ಅವರ ಅಪ್ಪನಿಗೆ ಓದಿ ಹೇಳಿದೆ. ಹೊಡೆದಾಡಿದ್ದಕ್ಕೆ ತೆಗೆದಿದ್ದೇವೆ ಎಂದು ಅದರಲ್ಲಿ ಎಲ್ಲೂ ಇರಲಿಲ್ಲ. ಮುಚ್ಚಿಟ್ಟಿದ್ದಕ್ಕೆ ತೆಗೆದಿದ್ದರು. ಇದ್ದದ್ದು ಇದ್ದ ಹಾಗೆ ಬರೆದಿದ್ದರೆ ಆ ರಾಜಿಯಾದ ಕೇಸು ಅವನ ನೌಕರಿ ಕಳೆಯುತ್ತಿತ್ತು ಎಂದು ನನಗೆ ಅನ್ನಿಸುವುದಿಲ್ಲ.

ಅಲ್ಲಿಂದ ನಾನು ಈ ವಿಷಯದ ಬೆನ್ನು ಹತ್ತಿದೆ. 2016ರ ಜುಲೈ 21ರಂದು ಸುಪ್ರೀಂ ಕೋರ್ಟಿನ ಮೂವರು ನ್ಯಾಯಮೂರ್ತಿಗಳ ಪೀಠ ಇದೇ ವಿಷಯದ ಅವತಾರ್ ಸಿಂಗ್ ಪ್ರಕರಣದಲ್ಲಿ ತೀರ್ಪು ಕೊಟ್ಟಿತು. ಅಭ್ಯರ್ಥಿ ಕೊಡುವ ಮಾಹಿತಿ ನಿಜವಿರಬೇಕು, ಅದರಲ್ಲಿ ರಿಯಾಯಿತಿ ಇಲ್ಲ. ಆದರೆ ಎಳೆಯ ವಯಸ್ಸಿನಲ್ಲಿ ಘೋಷಣೆ ಕೂಗಿದಂಥ ಕ್ಷುಲ್ಲಕ ಕೇಸನ್ನು ಮುಚ್ಚಿಟ್ಟಿದ್ದರೆ ಅಧಿಕಾರಿ ತನ್ನ ವಿವೇಚನೆಯಿಂದ ಅದನ್ನು ಬದಿಗಿಡಬಹುದು. ಕಾಯಂ ಆದ ನೌಕರನನ್ನು ಇಲಾಖಾ ವಿಚಾರಣೆ ಮಾಡದೆ ತೆಗೆಯುವ ಹಾಗಿಲ್ಲ. ನಮೂನೆಯ ಪ್ರಶ್ನೆಯೂ ಅಸ್ಪಷ್ಟವಾಗಿರಬಾರದು. 2024ರಲ್ಲಿ ಉತ್ತರ ಪ್ರದೇಶದ ಒಬ್ಬ ಕಾನ್‌ಸ್ಟೆಬಲ್‌ನ ಪ್ರಕರಣದಲ್ಲಿ ಅದೇ ಕೋರ್ಟು, ಅರ್ಜಿದಾರ ಯಾವ ಸಾಮಾಜಿಕ, ಆರ್ಥಿಕ ಸ್ಥಿತಿಯಿಂದ ಬಂದವನು ಎಂಬುದನ್ನೂ ನೋಡಬೇಕು ಎಂದಿತು. ಹಳ್ಳಿಯ ಹುಡುಗರ ಪರವಾಗಿ ಇದಕ್ಕಿಂತ ದೊಡ್ಡ ಮಾತು ಬೇಕಿಲ್ಲ.

ಆದರೆ ಸುಪ್ರೀಂ ಕೋರ್ಟಿನ ತನಕ ಹೋಗುವ ತಾಕತ್ತು ನಮ್ಮಲ್ಲಿ ಎಷ್ಟು ಜನಕ್ಕಿದೆ? ಆದ್ದರಿಂದ ನನ್ನ ಎದುರು ಕೂತವರಿಗೆಲ್ಲ ಮೊದಲೇ ಹೇಳುತ್ತೇನೆ. ಪ್ರಶ್ನೆಯನ್ನು ಪೂರ್ತಿ ಓದಿರಿ. ಶಿಕ್ಷೆಯಾಗಿದೆಯೇ ಎಂದಷ್ಟೇ ಕೇಳಿದ್ದರೆ ಅಷ್ಟಕ್ಕೇ ಉತ್ತರ. ಎಂದಾದರೂ ಮೊಕದ್ದಮೆ ಇತ್ತೇ ಎಂದು ಕೇಳಿದ್ದರೆ ಖುಲಾಸೆಯಾದದ್ದು, ರಾಜಿಯಾದದ್ದು, ಸರ್ಕಾರ ಹಿಂದಕ್ಕೆ ಪಡೆದದ್ದು ಎಲ್ಲವೂ ಬರೆಯಲೇಬೇಕು. ಕೇಸು ನಂಬರು, ಕೋರ್ಟು, ಕೊನೆಗೆ ಏನಾಯಿತು, ಮೂರನ್ನೂ ಸೇರಿಸಿ. ಕುಂದಗೋಳ ಕೋರ್ಟಿಗೆ ಹೋಗಿ ಆದೇಶದ ದೃಢೀಕೃತ ನಕಲು ತಂದು ಲಗತ್ತಿಸಿ. ದೂರಿನಲ್ಲಿ ನಿಮ್ಮ ಹೆಸರು ಸೇರಿದೆಯೋ ಇಲ್ಲವೋ ಎಂಬ ಸಂಶಯವಿದ್ದರೆ ಇ-ಕೋರ್ಟ್ಸ್‌ನಲ್ಲಿ ಹೆಸರು ಹಾಕಿ ಹುಡುಕಿ, ಠಾಣೆಯಲ್ಲೂ ವಿಚಾರಿಸಿ. 2016ರಲ್ಲೇ ಸುಪ್ರೀಂ ಕೋರ್ಟ್ ಕೊಟ್ಟ ಇನ್ನೊಂದು ಆದೇಶದ ನಂತರ ಸೂಕ್ಷ್ಮ ಪ್ರಕರಣಗಳನ್ನು ಬಿಟ್ಟು ಉಳಿದ ಎಫ್‌ಐಆರ್‌ಗಳು ಜಾಲತಾಣಕ್ಕೆ ಏರುತ್ತವೆ. ಮುಚ್ಚಿಟ್ಟರೂ ಉಳಿಯುವುದಿಲ್ಲ.

ನೇಮಕ ಮಾಡುವ ಅಧಿಕಾರಿಗಳಲ್ಲೂ ನನ್ನದೊಂದು ಕೇಳಿಕೆ ಇದೆ. ‘ಹೌದು’ ಎಂದು ಬರೆದ ಅರ್ಜಿಯನ್ನು ಕಂಡೊಡನೆ ಬದಿಗೆ ಸರಿಸಬೇಡಿ. ನಿಜ ಬರೆದವನಿಗೆ ಕೆಲಸ ತಪ್ಪಿದರೆ ಆ ಸುದ್ದಿ ಊರೆಲ್ಲ ಹರಡುತ್ತದೆ, ಮುಂದಿನ ವರ್ಷ ಹತ್ತು ಜನ ‘ಇಲ್ಲ’ ಎಂದೇ ಬರೆಯುತ್ತಾರೆ. ಕಳ್ಳತನವನ್ನೂ ಬದುವಿನ ತಂಟೆಯನ್ನೂ ಒಂದೇ ತಕ್ಕಡಿಯಲ್ಲಿ ತೂಗಿದರೆ ಹೊಲ ಇದ್ದ ಯಾವ ಮನೆಯ ಮಗನಿಗೂ ಸರ್ಕಾರಿ ಕೆಲಸ ಸಿಗಲಾರದು. ನಿಜ ಬರೆಯುವುದು ಹುಡುಗನ ಹೊಣೆ. ಆ ನಿಜವನ್ನು ಓದಿ, ತೂಗಿ, ನ್ಯಾಯವಾಗಿ ತೀರ್ಮಾನಿಸುವುದು ನಿಮ್ಮ ಹೊಣೆ.